ನವಣಿ ಗಳಿಸಿದ ಅಂಕಗಳು

ನಾಯಿ ಶೋಗಳಲ್ಲಿ ಬೇರೆಯವರ ನಾಯಿ ಹಿಡಿದು ರಿಂಗಿನಲ್ಲಿ ಓಡುವುದು ನನ್ನ ಕೆಲಸವಾಗಿತ್ತು. ಮೊಣಕಾಲು ಇನ್ನು ಸಾಕು ಅಂದ ಮೇಲೆ ಬಿಟ್ಟೆ. ಈಗ ಈ ಕೆಲಸಕ್ಕೆ ಹೊಸದಾಗಿ ಬರುವವರು ಸುರಪುರದಿಂದ ದೇವಾಪುರದ ನನ್ನ ಮನೆ ಹುಡುಕಿಕೊಂಡು ಬರುತ್ತಾರೆ. ಬಂದವರು ಮೊದಲು ಗೋಡೆಯ ಮೇಲಿನ ಬಹುಮಾನಗಳನ್ನು ಎಣಿಸುತ್ತಾರೆ. ಆಮೇಲೆ ಕೇಳುವ ಪ್ರಶ್ನೆ ಒಂದೇ: "ಅಜ್ಜಾರ, ಮೈ ಹೊಳೀಲಿಕ್ಕೆ ಏನ್ ಹಚ್ತಿದ್ರಿ?"

ನಾನು ನಗುತ್ತೇನೆ. ಹಚ್ಚಿದ ಕಥೆಯನ್ನೂ ಹೇಳುತ್ತೇನೆ, ಅದು ಮುಂದೆ ಬರುತ್ತದೆ. ಆದರೆ ಅವರು ಕೇಳಬೇಕಾದ್ದು ಬೇರೆ ಇದೆ. ಜಡ್ಜ್ ಒಂದು ನಾಯಿಯನ್ನು ನೋಡುವುದು ಎರಡು ಮೂರು ನಿಮಿಷ. ಆ ಎರಡು ಮೂರು ನಿಮಿಷದಲ್ಲಿ ನಾಯಿ ತನ್ನ ತಳಿ ಹೇಗಿರಬೇಕೋ ಹಾಗೆ ನಿಲ್ಲಬೇಕು, ಹಾಗೆ ನಡೆಯಬೇಕು, ಗುರುತಿಲ್ಲದವರು ಬಂದು ಬಾಯಿ ಬಿಡಿಸಿ ಹಲ್ಲು ಎಣಿಸಿದರೂ ಸುಮ್ಮನಿರಬೇಕು. ಅದಕ್ಕೆ ವರ್ಷಗಟ್ಟಲೆ ಹಿಡಿಯುತ್ತದೆ. ನನಗೆ ಅದನ್ನು ಕಲಿಸಿದ್ದು ನವಣಿ ಎಂಬ ಹೆಣ್ಣುನಾಯಿ. ನಾನು ಮುಂದೆ ಹಿಡಿದ ನಾಯಿಗಳು ಬಹಳ. ಅವುಗಳ ಮಾತು ಬಿಡುತ್ತೇನೆ. ಇವಳೊಬ್ಬಳದು ಸಾಕು.

ನಾವು ಕುರಿ ಕಾಯುವವರು. ಅಪ್ಪನ ಹಿಂಡಿನ ಜೊತೆ ಯಾವಾಗಲೂ ಎರಡು ಬೇಟೆ ನಾಯಿ ಇರುತ್ತಿದ್ದವು: ಉದ್ದ ಮೂತಿ, ಸಣ್ಣ ನಡು, ಓಡಲು ಹುಟ್ಟಿದ ಕಾಲು. ನಮ್ಮ ಸೀಮೆಯಲ್ಲಿ ಇವಕ್ಕೆ ಕಾರವಾನ್ ಅಂತಾರೆ, ಆಗಿನ ಮುಂಬೈ ಸೀಮೆಯಲ್ಲಿ ಮುಧೋಳ ನಾಯಿ ಅಂತಿದ್ದರು. ನಾಯಿ ಒಂದೇ. ಈ ಎರಡು ಹೆಸರು ನನ್ನನ್ನು ಎಷ್ಟು ಕಾಡಿದವು ಅಂತ ಹೇಳುತ್ತೇನೆ.

ನಾಯಿ ನೋಡಿಕೊಳ್ಳುವುದು ಗೊತ್ತಿತ್ತು ಅಂತ ನನ್ನನ್ನು ರಂಗಂಪೇಟೆಯ ಒಬ್ಬ ಜಹಗೀರುದಾರರ ವಾಡೆಯಲ್ಲಿ ಕೆಲಸಕ್ಕೆ ಇಟ್ಟುಕೊಂಡರು. ವಾಡೆಯ ಯಜಮಾನರು ತೀರಿಹೋಗಿದ್ದರು. ನಡೆಸುತ್ತಿದ್ದವರು ಅವರ ಹೆಂಡತಿ, ಊರವರೆಲ್ಲ ದೊರೆಸಾನಿ ಅನ್ನುತ್ತಿದ್ದರು. ಹನ್ನೆರಡು ಬೇಟೆ ನಾಯಿಗಳಿದ್ದವು. ಪೊಲೀಸ್ ಆ್ಯಕ್ಷನ್ ಆಯಿತು, ನಿಜಾಮನ ರಾಜ್ಯ ಹೋಯಿತು. ವಾಡೆಯ ಬಂದೂಕುಗಳು ಠಾಣೆಗೆ ಜಮಾ ಆದವು. ಹಿಂದೆಯೇ ಜಹಗೀರು ಹೋಯಿತು. ಬೇಟೆ ನಿಂತಿತು. ದೊರೆಸಾನಿ ಒಂದು ಮುಂಜಾನೆ ನನ್ನನ್ನು ಕರೆಸಿ, "ಹಣಮಂತಾ, ನಾಯಿಗೋಳನ ಕುರಿಗಾರರಿಗೆ ಕೊಟ್ಟುಬಿಡು. ಕೆಲಸ ಇಲ್ದ ಕಟ್ಟಿ ಹಾಕಿದ್ರ ಹುಚ್ಚ ಹಿಡೀತಾವ" ಅಂದರು.

ಹನ್ನೊಂದು ಕೊಟ್ಟೆ. ಉಳಿದದ್ದು ಒಂದು ಮರಿ, ಎರಡು ತಿಂಗಳದು. ನವಣಿ ಕಾಳಿನ ಬಣ್ಣ. ಅದನ್ನು ಕೊಡಲು ನನಗೆ ಮನಸ್ಸಾಗಲಿಲ್ಲ, ದೊರೆಸಾನಿಯವರೂ ಕೇಳಲಿಲ್ಲ.

ಆ ಮರಿ ವರ್ಷದ್ದಾದಾಗ ವಾಡೆಯ ಎಮ್ಮೆಗೆ ಹೊಟ್ಟೆ ಉಬ್ಬರಿಸಿತು. ಶಹಾಪುರದಿಂದ ದನದ ಡಾಕ್ಟರು ಬಂದರು. ಖಾದರ್ ಸಾಹೇಬರು ಅಂತ, ತೆಳ್ಳಗಿನ ಮನುಷ್ಯ, ಶೇರ್ವಾನಿಯ ಮೇಲಿನ ಗುಂಡಿಯವರೆಗೂ ಹಾಕಿಕೊಂಡಿರುತ್ತಿದ್ದರು. ಎಮ್ಮೆಗೆ ಔಷಧಿ ಕುಡಿಸಿ ಕೈ ತೊಳೆಯುವಾಗ ಅಂಗಳದಲ್ಲಿ ನವಣಿ ಅಡ್ಡ ಹಾದುಹೋದಳು. ಸಾಹೇಬರು ತಂಬಿಗೆ ಹಿಡಿದ ಕೈ ಹಾಗೇ ಬಿಟ್ಟು ನೋಡುತ್ತ ನಿಂತರು.

"ಅರೇ ಮಿಯಾ, ಇಕಿನ ಇನ್ನೊಮ್ಮಿ ನಡಸು."

ನಡೆಸಿದೆ.

"ಇನ್ನೊಮ್ಮಿ. ಸಾವಕಾಶ."

ಆಮೇಲೆ ಅವರು ದೊರೆಸಾನಿಯವರಿಗೆ ಪರದೆಯ ಹೊರಗೆ ನಿಂತು ಹೇಳಿದರು: ಹೈದರಾಬಾದಿನಲ್ಲಿ ನಾಯಿಗಳ ಶೋ ಆಗುತ್ತದೆ, ಅಲ್ಲಿ ನಾಯಿಯ ಮೈಕಟ್ಟು, ನಡಿಗೆ ನೋಡಿ ಬಹುಮಾನ ಕೊಡುತ್ತಾರೆ, ಗೆದ್ದ ನಾಯಿಯ ಮರಿಗಳಿಗೆ ಬೆಲೆ ಬರುತ್ತದೆ, ತಳಿ ಉಳಿಯುತ್ತದೆ.

"ಅಲ್ಲಿ ಮೊಲ ಬಿಡ್ತಾರೇನ್ರಿ?" ಅಂತ ಒಳಗಿಂದ ದೊರೆಸಾನಿ ಕೇಳಿದರು.

"ಇಲ್ಲ ಬೇಗಂ ಸಾಹೇಬಾ. ಬರೇ ನಿಲ್ಲಸ್ತಾರ, ನಡಸ್ತಾರ."

"ಬರೇ ನಿಂತಿದ್ದಕ್ಕ ಬಹುಮಾನಾ?"

"ಸರಿಯಾಗಿ ನಿಂತಿದ್ದಕ್ಕ. ನಾಯಿ ನಿಂತಿದ್ದು ನೋಡಿದ್ರ ಓಡೋದು ತಿಳೀತದ."

ದೊರೆಸಾನಿ, "ಹಣಮಂತ ಒಯ್ಯಲಿ. ಇಲ್ಲಿ ಕೂತು ನಾವೂ ಏನು ಮಾಡೋರಿದ್ದೇವಿ" ಅಂದರು.

ಹೀಗೆ ಶುರುವಾಯಿತು. ಖಾದರ್ ಸಾಹೇಬರು ನನ್ನ ಮೇಷ್ಟ್ರು. ಹದಿನೈದು ದಿನಕ್ಕೊಮ್ಮೆ ನವಣಿಯನ್ನು ಕರೆದುಕೊಂಡು ಶಹಾಪುರಕ್ಕೆ ಹೋಗುತ್ತಿದ್ದೆ. ನಾಯಿಯನ್ನು ನಿಲ್ಲಿಸುವುದು ಹೇಗೆ ಅಂತ ಅವರು ತೋರಿಸುತ್ತಿದ್ದರು: ಮುಂಗಾಲು ನೆಟ್ಟಗೆ ಭುಜದ ಕೆಳಗೆ ಬರಬೇಕು, ಹಿಂಗಾಲು ತುಸು ಹಿಂದೆ, ಕುತ್ತಿಗೆ ಎತ್ತಿರಬೇಕು, ಆದರೆ ಹಗ್ಗದಿಂದ ಎಳೆದು ಎತ್ತಿಸಿರಬಾರದು. ನನ್ನ ಕೈಯಲ್ಲಿ ಕುರಿ ಕಟ್ಟುವ ಹಗ್ಗ ಇರುತ್ತಿತ್ತು. ಅದನ್ನು ಅವರೇ ಕಸಿದುಕೊಂಡು ಒಗೆದು, ತಮ್ಮ ಕುದುರೆಯ ಹಳೆಯ ಲಗಾಮಿನಿಂದ ಸಣ್ಣ ಪಟ್ಟಿ ಕತ್ತರಿಸಿ ಕೊಟ್ಟರು. "ಹಗ್ಗ ನಿನ್ನ ಸಿಟ್ಟು ನಾಯಿಗೆ ಮುಟ್ಟಸ್ತದ. ಇದು ಬರೇ ನಿನ್ನ ಬೆರಳು ಮುಟ್ಟಸ್ತದ" ಅಂದರು. ಈಗಿನವರ ಕೈಯಲ್ಲಿ ರೇಷ್ಮೆ ದಾರದಂಥ ಪಟ್ಟಿ ಇರುತ್ತದೆ. ಒಳ್ಳೆಯದೇ. ಬೆರಳು ಮಾತ್ರ ನಿಮ್ಮದೇ ಇರಬೇಕು.

ರಂಗಂಪೇಟೆಯ ಬೀದಿಯಲ್ಲಿ ಮುಂಜಾನೆ ನಾನು ನಾಯಿ ಜೊತೆ ಸಣ್ಣ ಹೆಜ್ಜೆಯ ಓಟ ಓಡುತ್ತಿದ್ದರೆ ಜನ ಕಟ್ಟೆಯ ಮೇಲೆ ಕೂತು ನಗುತ್ತಿದ್ದರು. "ಏ ಹಣಮಂತ, ನಾಯಿ ನಿನ್ನ ಬೆನ್ನ ಹತ್ತ್ಯಾದೋ, ನೀ ನಾಯಿ ಬೆನ್ನ ಹತ್ತೀಯೋ?" ಅಪ್ಪನೂ ದೇವಾಪುರದಿಂದ ಸಂತೆಗೆ ಬಂದವನು ಒಮ್ಮೆ ನಿಂತು ನೋಡಿ, ಮುಖ ತಿರುಗಿಸಿಕೊಂಡು ಹೋದ. ಅದು ನಗುವವರಿಗಿಂತ ಚುಚ್ಚಿತು.

ದೊಡ್ಡ ಕಷ್ಟ ಬೇರೆಯೇ ಇತ್ತು. ನಮ್ಮ ನಾಯಿಗಳು ಗುರುತಿಲ್ಲದವರ ಕೈ ಸೈರಿಸುವುದಿಲ್ಲ. ಮುಟ್ಟಿದರೆ ಹಿಂದೆ ಸರಿಯುತ್ತವೆ, ಇಲ್ಲ ಹಲ್ಲು ಕಿಸಿಯುತ್ತವೆ. ರಿಂಗಿನಲ್ಲಿ ಹಾಗೆ ಮಾಡಿದರೆ ಹೊರಗೆ. ನಾನು ಒಂದು ಉಪಾಯ ಮಾಡಿದೆ. ಸುರಪುರದ ಸಂತೆಯ ದಿನ ನವಣಿಯನ್ನು ಕರೆದುಕೊಂಡು ಹೋಗಿ, ಸಿಕ್ಕವರಿಗೆಲ್ಲ ಕೈ ಮುಗಿದು ಬೇಡಿಕೊಂಡೆ: "ಯಪ್ಪಾ, ಒಂದೀಟು ಇಕಿ ಬಾಯಿ ಬಿಡಿಸಿ ಹಲ್ಲ ನೋಡ್ರಿ." ದರ್ಜಿ ನೋಡಿದ, ಬಳೆಗಾರ ನೋಡಿದ, ಹಕೀಮರು ಕನ್ನಡಕ ಹಾಕಿಕೊಂಡು ನೋಡಿ "ಹಲ್ಲು ಪಸಂದ್ ಅವ" ಅಂದರು, ಠಾಣೆಯ ಜಮಾದಾರ ಟೊಪ್ಪಿಗೆ ಓರೆ ಮಾಡಿಕೊಂಡು ನೋಡಿದ. ಮೊದಲ ಸಂತೆಯಲ್ಲಿ ಅವಳು ನನ್ನ ಕಾಲ ಸಂದಿಯಲ್ಲಿ ನಡುಗುತ್ತಿದ್ದಳು. ಆರೇಳು ಸಂತೆ ಆಗುವಷ್ಟರಲ್ಲಿ ದರ್ಜಿಯ ಅಂಗಡಿ ಬಂದ ಕೂಡಲೇ ತಾನೇ ಹೋಗಿ ಮೂತಿ ಮುಂದೆ ಮಾಡಿ ನಿಲ್ಲುತ್ತಿದ್ದಳು. ಈ ವಿದ್ಯೆ ನನ್ನದೇ. ಯಾರಿಂದಲೂ ಕಲಿತದ್ದಲ್ಲ ಅಂತ ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ.

ಈಗ ಎಣ್ಣೆಯ ಕಥೆ. ಮೊದಲ ಶೋಗೆ ಯಾದಗಿರಿಯಿಂದ ರೈಲು ಹತ್ತಿದೆವು. ನಾಯಿಗೆ ಗಾರ್ಡಿನ ಡಬ್ಬಿಯ ಪೆಟ್ಟಿಗೆ, ನನಗೆ ಅದರ ಪಕ್ಕದ ನೆಲ. ಹೈದರಾಬಾದಿನ ಶೋ ಮೈದಾನಕ್ಕೆ ಹೋಗಿ ಸುತ್ತ ನೋಡಿದೆ. ರೇಷ್ಮೆಯಂಥ ಕೂದಲಿನ ವಿಲಾಯಿತಿ ನಾಯಿಗಳು, ಅವಕ್ಕೆ ಬಾಚಣಿಕೆ ಹಾಕುವ ಆಳುಗಳು. ನಮ್ಮವಳು ಬಡವರ ಮನೆಯಿಂದ ಬಂದ ಹೆಣ್ಣಿನ ಹಾಗೆ ಕಂಡಳು. ಸಾಹೇಬರು ಹೆಸರು ಬರೆಸಲು ಹೋಗಿದ್ದಾಗ ನಾನು ಗಂಟಿನಲ್ಲಿದ್ದ ಕುಸುಬಿ ಎಣ್ಣೆ ತೆಗೆದು ಅವಳ ಮೈಗೆಲ್ಲ ತಿಕ್ಕಿದೆ. ಹೊಳೆದಳು! ಬಿಸಿಲಿಗೆ ಹಿತ್ತಾಳೆ ಕೊಡದ ಹಾಗೆ ಹೊಳೆದಳು.

ಜಡ್ಜ್ ಒಬ್ಬ ಗೋರಾ ಕರ್ನಲ್. ನವಣಿಯ ಭುಜದ ಮೇಲೆ ಕೈ ಇಟ್ಟವನು ಕೈ ಎತ್ತಿ ಮೂಸಿ ನೋಡಿದ. ಜೇಬಿನಿಂದ ಬಿಳಿ ಕರವಸ್ತ್ರ ತೆಗೆದು ಒಂದೊಂದೇ ಬೆರಳು ಒರೆಸಿಕೊಂಡ. ಆಮೇಲೆ ಆ ಕರವಸ್ತ್ರವನ್ನು ನನ್ನ ಕೈಗೆ ಕೊಟ್ಟು ರಿಂಗಿನ ಹೊರದಾರಿ ತೋರಿಸಿದ. ಸುತ್ತ ನಿಂತವರೆಲ್ಲ ನಕ್ಕರು.

ಖಾದರ್ ಸಾಹೇಬರು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. "ಹಣಮಂತ, ಇಕಿಗೆ ಏನು ಕಮ್ಮಿ ಇತ್ತು ಅಂತ ಎಣ್ಣಿ ಹಚ್ಚಿದಿ?" ಅಂತ ಕೇಳಿದರು ಅಷ್ಟೇ. ಕಮ್ಮಿ ಇದ್ದದ್ದು ನಾಯಿಗಲ್ಲ, ನನಗೆ ಧೈರ್ಯ. ಬೇರೆಯವರ ನಾಯಿ ನೋಡಿ ನನ್ನ ನಾಯಿಯ ಮೇಲಿನ ನಂಬಿಕೆ ಕಳೆದುಕೊಂಡಿದ್ದೆ. ಹೊಸದಾಗಿ ಬರುವವರು ಮಾಡುವ ತಪ್ಪುಗಳಲ್ಲಿ ಇದೇ ಮೊದಲನೆಯದು, ಪುಡಿಯಲ್ಲಿ ಮಾಡಲಿ ಎಣ್ಣೆಯಲ್ಲಿ ಮಾಡಲಿ. ಆ ದಿನದಿಂದ ನಾನು ಹಿಡಿದ ಯಾವ ನಾಯಿಯ ಮೈಗೂ ಒಣ ಬಟ್ಟೆ ಮತ್ತು ನನ್ನ ಅಂಗೈ ಬಿಟ್ಟು ಬೇರೇನೂ ಹಚ್ಚಿಲ್ಲ.

ಮುಂದಿನ ಎರಡು ವರ್ಷದಲ್ಲಿ ಮೂವರು ಬೇರೆ ಬೇರೆ ಜಡ್ಜ್‌ಗಳ ಕೈಯಲ್ಲಿ ಮೂರು ಸರ್ಟಿಫಿಕೇಟು ಗೆದ್ದು ನವಣಿ ಚಾಂಪಿಯನ್ ಆದಳು. ಎರಡನೆಯದನ್ನು ಕೊಟ್ಟವನು ಅದೇ ಕರ್ನಲ್. ಈ ಸಲ ಕೈ ಸವರಿ, ಬೆರಳು ನೋಡಿಕೊಂಡು, ನನ್ನ ಕಡೆ ನೋಡಿ ಸಣ್ಣಗೆ ನಕ್ಕ.

ಅಲ್ಲಿಗೆ ಮುಗಿಯಿತು ಅಂದುಕೊಂಡಿದ್ದೆ. ಸಾಹೇಬರು ಹೇಳಿದರು, "ಇನ್ನ ಮ್ಯಾಲ ಒಂದು ಪದವಿ ಅದ." ಚಾಂಪಿಯನ್ ಆಗಲು ಸಾಮಾನ್ಯ ನಾಯಿಗಳನ್ನು ಗೆದ್ದರೆ ಸಾಕು. ಅದರ ಮೇಲಿನ ಪದವಿಗೆ ಚಾಂಪಿಯನ್ನುಗಳನ್ನೇ ಸೋಲಿಸಬೇಕು. ಸೋಲಿಸಿದ ಒಂದೊಂದು ಚಾಂಪಿಯನ್ನಿಗೆ ಒಂದೊಂದು ಅಂಕ, ಒಂದು ಶೋನಲ್ಲಿ ಐದಕ್ಕಿಂತ ಹೆಚ್ಚು ಸಿಗುವುದಿಲ್ಲ. ಒಟ್ಟು ಇಪ್ಪತ್ತಾಗಬೇಕು. ಅದರಲ್ಲೂ ಪೂರಾ ಐದಂಕದ ದೊಡ್ಡ ಗೆಲುವು ಎರಡು ಇರಬೇಕು, ಇಬ್ಬರು ಬೇರೆ ಜಡ್ಜ್‌ಗಳಿಂದ. ಅಲ್ಲಿಯವರೆಗೆ ನಮ್ಮ ನೆಲದ ಯಾವ ನಾಯಿಯೂ ಆ ಪದವಿ ಮುಟ್ಟಿರಲಿಲ್ಲ ಅಂತ ಸಾಹೇಬರು ಹೇಳಿದರು. ಬಂದದ್ದೆಲ್ಲ ವಿಲಾಯಿತಿ ನಾಯಿಗಳಿಗೆ.

ಹೈದರಾಬಾದಿನಲ್ಲಿ ಒಂದು ದೊಡ್ಡ ಗೆಲುವು ಬಂತು, ಐದಂಕ. ಆಮೇಲೆ ಎರಡು, ಮತ್ತೆ ಎರಡು. ಒಂಬತ್ತು. ಅಲ್ಲಿ ಮುಂದಕ್ಕೆ ಸಾಗಲಿಲ್ಲ. ನೋಡಿದ ಜಡ್ಜ್‌ಗಳೇ ಮತ್ತೆ ಮತ್ತೆ ಬರುತ್ತಿದ್ದರು. ಹಾಗಾಗಿ ಗಡಿ ದಾಟಿ ಮುಂಬೈ ಸೀಮೆಯ ಬೆಳಗಾವಿ ಕಡೆಯ ಶೋಗಳಿಗೆ ಹೋದೆವು. ಅಲ್ಲಿನ ಗುಮಾಸ್ತ ಕಾರವಾನ್ ಅನ್ನುವ ತಳಿ ತನ್ನ ಪುಸ್ತಕದಲ್ಲಿ ಇಲ್ಲ ಅಂತ, ಅವಳನ್ನು ಮುಧೋಳ ಅಂತ ಬರೆದುಕೊಂಡ. ನಾವೂ ಹೂಂ ಅಂದೆವು. ಅಲ್ಲಿ ಮೂರು, ಮತ್ತೆ ಮೂರು, ಒಟ್ಟು ಆರಂಕ ಬಂದವು. ಎರಡೂ ಕೂಡಿಸಿದರೆ ಹದಿನೈದು.

ಆದರೆ ಕೂಡಿಸುವವರು ಯಾರು? ಹೈದರಾಬಾದಿನ ಸಂಘದ ಪುಸ್ತಕ ಉರ್ದುವಿನಲ್ಲಿ ಕಾರವಾನ್ ಚಾಂಪಿಯನ್ ನವಣಿ, ಒಂಬತ್ತು. ಆ ಕಡೆಯ ಸಂಘದ ಪುಸ್ತಕ ಇಂಗ್ಲಿಷಿನಲ್ಲಿ ಮುಧೋಳ ಚಾಂಪಿಯನ್ ನವಣಿ, ಆರು. ಅವರ ಮಟ್ಟಿಗೆ ಎರಡು ನಾಯಿ. ನಾನು ಎರಡು ಕಡೆಯೂ ಕೈ ಮುಗಿದು ನಿಂತೆ. "ನಾಯಿ ಇಲ್ಲೇ ನಿಂತದ ನೋಡ್ರಿ ಸಾಹೇಬ್ರ, ಒಂದೇ ಅದ" ಅಂದರೆ, "ನಮಗೆ ನಾಯಿ ಬ್ಯಾಡೋ, ಕಾಗದ ಬೇಕು" ಅಂದರು.

ಅಷ್ಟರಲ್ಲಿ ಭಾಷೆಯ ಮೇಲೆ ರಾಜ್ಯಗಳನ್ನು ಮತ್ತೆ ಹಂಚಿದರು. ನಾವೂ ಬೆಳಗಾವಿಯವರೂ ಒಂದೇ ರಾಜ್ಯದವರಾದೆವು. ಎಲ್ಲ ಕಚೇರಿಗಳಲ್ಲೂ ಫೈಲುಗಳು ಎತ್ತಿನ ಬಂಡಿಯಲ್ಲಿ ಓಡಾಡುತ್ತಿದ್ದ ಕಾಲ. ನಾಯಿಗಳ ಸಂಘಗಳೂ ಒಂದು ದೊಡ್ಡ ಸಂಘದ ಕೆಳಗೆ ಬಂದು, ಪುಸ್ತಕಗಳನ್ನು ಕೂಡಿಸುವುದಾಗಿ ಪತ್ರ ಕಳಿಸಿದವು. ಎರಡು ಹೆಸರಿನ ನಾಯಿ ಒಂದೇ ಅಂತ ರುಜುವಾತು ಕೊಟ್ಟರೆ ಅಂಕ ಕೂಡಿಸುತ್ತೇವೆ ಅಂತ ಬರೆದಿತ್ತು.

ರುಜುವಾತು ಎಲ್ಲಿಂದ ತರುವುದು? ನಾನು ತಲೆ ಮೇಲೆ ಕೈ ಹೊತ್ತು ಕೂತೆ. ಖಾದರ್ ಸಾಹೇಬರು ತಮ್ಮ ಕಪಾಟಿನಿಂದ ಎರಡು ಹಾಳೆ ತೆಗೆದರು. ದನ ಬದಲಾಗದಿರಲಿ ಅಂತ ಅವರು ಸರ್ಕಾರಿ ಹೋರಿಗಳ ಮೂಗಿಗೆ ಶಾಯಿ ಹಚ್ಚಿ ಕಾಗದದ ಮೇಲೆ ಒತ್ತಿ ಇಡುತ್ತಿದ್ದರು. ಮನುಷ್ಯರ ಹೆಬ್ಬೆಟ್ಟಿನ ಹಾಗೆ ಪಶುವಿನ ಮೂಗಿನ ಗೆರೆಯೂ ಒಂದರಂತೆ ಒಂದಿರುವುದಿಲ್ಲ. ಅದೇ ರೂಢಿಯಲ್ಲಿ ಹೈದರಾಬಾದಿಗೆ ಹೆಸರು ಬರೆಸಿದಾಗೊಮ್ಮೆ, ಬೆಳಗಾವಿಗೆ ಬರೆಸಿದಾಗೊಮ್ಮೆ ನವಣಿಯ ಮೂಗೂ ಒತ್ತಿ, ಅರ್ಜಿಯ ನಕಲಿಗೆ ಅಂಟಿಸಿ, ಆಸ್ಪತ್ರೆಯ ಮುದ್ರೆ ಹಾಕಿ ಇಟ್ಟಿದ್ದರು. ನನಗೆ ನೆನಪೇ ಇರಲಿಲ್ಲ. ಅವಳು ಆಗ ಕರಿ ಮೂಗು ನನ್ನ ಧೋತರಕ್ಕೆ ಒರೆಸಿದ್ದಷ್ಟೇ ನೆನಪು. ಸಾಹೇಬರು ಮೂರನೆಯ ಸಲ ಒತ್ತಿದರು. ಮೂರನ್ನೂ ಪಕ್ಕಪಕ್ಕ ಇಟ್ಟು ಭೂತಗನ್ನಡಿ ಕೊಟ್ಟು, "ನೋಡು ಮಿಯಾ" ಅಂದರು. ಗೆರೆಗೆ ಗೆರೆ ಕೂಡಿತ್ತು. ಸಂಘದಿಂದ ಎರಡು ತಿಂಗಳಿಗೆ ಉತ್ತರ ಬಂತು: ಹದಿನೈದು. ಇನ್ನೂ ಐದು ಬೇಕು, ಮತ್ತು ಅದು ಒಂದೇ ದೊಡ್ಡ ಗೆಲುವಾಗಿರಬೇಕು. ನವಣಿಗೆ ಏಳು ತುಂಬಿ ಎಂಟು ನಡೆಯುತ್ತಿತ್ತು. ಶೋಗೆ ಇನ್ನು ನಾಲ್ಕು ತಿಂಗಳು. ಇದು ಬಿಟ್ಟರೆ ಅವಳಿಗೆ ಇನ್ನೊಂದಿಲ್ಲ ಅಂತ ಇಬ್ಬರಿಗೂ ಗೊತ್ತಿತ್ತು.

ಆಗ ನಾನು ನನ್ನ ಜನ್ಮದ ದೊಡ್ಡ ತಪ್ಪು ಮಾಡಿದೆ. ಅವ್ವನಿಗೆ ಜ್ವರ ಅಂತ ಹೇಳಿಕಳಿಸಿದರು. ದೇವಾಪುರಕ್ಕೆ ಹೊರಟೆ. ನವಣಿಯನ್ನು ವಾಡೆಯಲ್ಲಿ ಬಿಟ್ಟು ಹೋಗಬೇಕಿತ್ತು. ಎರಡು ದಿನ ಬೇರೆಯವರು ನಡೆಸಿದರೆ ಹೆಜ್ಜೆ ಕೆಡುತ್ತದೆ ಅಂತ, ದೊರೆಸಾನಿಯವರಿಗೆ ಹೇಳದೆ ಕರೆದುಕೊಂಡು ಹೋದೆ. ಮರುದಿನ ಅವ್ವನ ಜ್ವರ ಇಳಿದಿತ್ತು, ಮಧ್ಯಾಹ್ನ ಅಪ್ಪನಿಗೆ ಬುತ್ತಿ ಕೊಡಲು ಬೀಳು ಹೊಲಕ್ಕೆ ಹೋದೆ, ಅವಳೂ ಜೊತೆಗಿದ್ದಳು. ಕುರಿಗಳು ಒಮ್ಮೆಲೆ ಒಂದು ಕಡೆ ಒತ್ತರಿಸಿದವು. ನೋಡಿದರೆ ತೋಳ. ಹಾಡುಹಗಲಲ್ಲಿ ಒಂದು ಮರಿಯನ್ನು ಕಚ್ಚಿಕೊಂಡು ಹಳ್ಳದ ಕಡೆ ಓಡುತ್ತಿದೆ.

ನಾನು ಕೂಗುವಷ್ಟರಲ್ಲಿ ಪಟ್ಟಿ ನನ್ನ ಕೈಯಲ್ಲಿ ಇರಲಿಲ್ಲ. ಬೇಟೆಯನ್ನೇ ಕಾಣದೆ ಬೆಳೆದವಳು, ಆ ಓಟ ಎಲ್ಲಿಟ್ಟುಕೊಂಡಿದ್ದಳೋ! ಹಳ್ಳದ ದಂಡೆಗೆ ತೋಳವನ್ನು ಅಡ್ಡಗಟ್ಟಿ ಡಿಕ್ಕಿ ಹೊಡೆದಳು. ತೋಳ ಮರಿಯನ್ನು ಬಿಟ್ಟು ತಿರುಗಿ ಬಾಯಿ ಹಾಕಿತು. ಅಪ್ಪ ಬಡಿಗೆ ಹಿಡಿದು ಓಡುವಷ್ಟರಲ್ಲಿ ಅದು ಪರಾರಿ. ಮರಿ ಬದುಕಿತ್ತು. ನವಣಿಯ ಎಡ ಭುಜ ಹರಿದು ತೊಗಲು ಜೋತಾಡುತ್ತಿತ್ತು.

ಬಂಡಿಯಲ್ಲಿ ಹಾಕಿಕೊಂಡು ಶಹಾಪುರಕ್ಕೆ ಹೋದೆ. ಸಾಹೇಬರು ಹೊಲಿಗೆ ಹಾಕಿದರು. ನಾನು ಅಳುತ್ತಿದ್ದೆ, ಮರೆಮಾಡುವುದಿಲ್ಲ. ಮರುದಿನ ವಾಡೆಗೆ ಹೋಗಿ ದೊರೆಸಾನಿಯವರ ಮುಂದೆ ನಿಂತು ಎಲ್ಲ ಹೇಳಿದೆ. ಕೇಳದೆ ಒಯ್ದದ್ದು ನನ್ನ ತಪ್ಪು, ಕೆಲಸದಿಂದ ತೆಗೆಯಿರಿ ಅಂದೆ.

"ಕುರಿಮರಿ ಉಳೀತೇನು?" ಅಂತ ಕೇಳಿದರು.

"ಉಳೀತ್ರಿ ಅವ್ವಾರ."

"ಹಂಗಾದ್ರ ಅಕಿ ತನ್ನ ಕೆಲಸ ಮಾಡ್ಯಾಳ. ಅಳಕೋಂತ ನಿಂತೀ ಯಾಕ? ನೀ ನಿನ್ನ ಕೆಲಸ ಮಾಡು. ಅಕಿನ ಮತ್ತ ನಡಿಯೂ ಹಂಗ ಮಾಡು."

ಮೊದಲ ಒಂದು ತಿಂಗಳು ಅವಳು ಆ ಕಾಲು ಊರಲಿಲ್ಲ. ಸಾಹೇಬರು ದಿನಾ ಭುಜ ತಿಕ್ಕುವುದು ಕಲಿಸಿಕೊಟ್ಟರು. ಎರಡನೆಯ ತಿಂಗಳು ನಾನು ಅವಳನ್ನು ಹಳ್ಳದ ನೀರಿನಲ್ಲಿ ನಡೆಸತೊಡಗಿದೆ, ಮೊಣಕಾಲು ಮಟ್ಟದ ನೀರು, ಕೆಳಗೆ ಮೆತ್ತನೆ ಉಸುಕು. ನೀರು ಮೈಭಾರ ಹೊರುತ್ತದೆ, ಕಾಲು ತಾನೇ ಮುಂದೆ ಬರುತ್ತದೆ. ದಿನಕ್ಕೆ ನೂರು ಹೆಜ್ಜೆ, ಆಮೇಲೆ ಇನ್ನೂರು. ಅವಳು ಹಿಂದೆ ಎಷ್ಟು ವೇಗ ಓಡುತ್ತಿದ್ದಳೋ ಅಷ್ಟು ಇನ್ನು ಆಗದು ಅಂತ ಮೂರನೆಯ ತಿಂಗಳಿಗೆ ತಿಳಿಯಿತು. ಆದರೆ ನಿಧಾನ ಓಟದಲ್ಲಿ ಹೆಜ್ಜೆ ಸಮ ಬಂತು. ನಾನು ನನ್ನ ಓಟವನ್ನೇ ಬದಲಿಸಿಕೊಂಡೆ. ಅಲ್ಲಿಯವರೆಗೆ ನನ್ನ ಹೆಜ್ಜೆಗೆ ಅವಳು ನಡೆಯುತ್ತಿದ್ದಳು. ಅಲ್ಲಿಂದ ಅವಳ ಹೆಜ್ಜೆಗೆ ನಾನು.

ಶೋ ಹೈದರಾಬಾದಿನಲ್ಲೇ. ಹೊಲಿಗೆ ಹಾಕಿದ ಜಾಗದಲ್ಲಿ ಕೂದಲು ಬಿಳಿಯಾಗಿ ಬಂದಿತ್ತು, ನವಣಿ ಬಣ್ಣದ ಮೇಲೆ ಬಿಳಿ ಗೆರೆ. ಪಕ್ಕದಲ್ಲಿ ನಿಂತಿದ್ದ ಇನ್ನೊಬ್ಬ ನಾಯಿ ಹಿಡಿಯುವವನು, ಒಳ್ಳೆಯ ಮನಸ್ಸಿನಿಂದಲೇ, ಪುಟ್ಟ ಡಬ್ಬಿ ಮುಂದೆ ಮಾಡಿದ. "ತುಸು ಮದರಂಗಿ ಹಚ್ಚು. ಯಾರಿಗೂ ತಿಳಿಯಂಗಿಲ್ಲ." ಬೇಡ ಅಂದೆ. ಅವನು ಹುಚ್ಚನನ್ನು ನೋಡಿದ ಹಾಗೆ ನೋಡಿದ.

ಬೇಟೆ ನಾಯಿಗಳ ಸಾಲಿನಲ್ಲಿ ಆ ದಿನ ಆರು ಚಾಂಪಿಯನ್ನುಗಳು. ಗೆದ್ದರೆ ಐದನ್ನು ಸೋಲಿಸಿದ ಹಾಗೆ, ಪೂರಾ ಐದಂಕ. ಎರಡನೆಯದಾದರೆ ಇಪ್ಪತ್ತು ಮುಟ್ಟುವುದಿಲ್ಲ. ಜಡ್ಜ್ ಪುಣೆಯಿಂದ ಬಂದ ಪಾರ್ಸಿ ಬಾಯಿ, ವಯಸ್ಸಾದ ಹೆಂಗಸು, ಕೈಯಲ್ಲಿ ಬೆತ್ತ. ನವಣಿಯ ಹತ್ತಿರ ಬಂದು ಹಲ್ಲು ನೋಡಿದರು, ಬೆನ್ನು ಸವರಿದರು. ಬೆರಳು ಆ ಬಿಳಿ ಗೆರೆಯ ಮೇಲೆ ನಿಂತಿತು. ಇದೇನು ಅಂತ ಹಿಂದಿಯಲ್ಲಿ ಕೇಳಿದರು.

"ತೋಳ ಹರೀತು ಮೇಮ್‌ಸಾಬ್, ಕುರಿಮರಿ ಬಿಡಿಸಿಕೊಳ್ಳಾಕ ಹೋಗಿದ್ಲು" ಅಂತ ನನಗೆ ಬರುವ ದಖನಿ ಉರ್ದುವಿನಲ್ಲಿ ಹೇಳಿದೆ.

"ಯಾವಾಗ?"

"ನಾಲ್ಕು ತಿಂಗಳಾತು."

"ನಾಲ್ಕೇ ತಿಂಗಳು? ಓಡಿಸು ನೋಡೋಣ" ಅಂದರು. ಮುಖದಲ್ಲಿ ಏನೂ ತಿಳಿಯಲಿಲ್ಲ.

ಎಲ್ಲರೂ ಓಡಿಸಿದರು. ಒಬ್ಬ ಸೇಠನ ಗ್ರೇಹೌಂಡ್ ಇತ್ತು, ಕರಿ ಕುದುರೆಯಂಥ ಗಂಡುನಾಯಿ, ಅದು ಓಡಿದರೆ ಜನ ಚಪ್ಪಾಳೆ ತಟ್ಟಿದರು. ಬಾಯಿಯವರು ನಾಲ್ಕು ನಾಯಿಗಳನ್ನು ಬದಿಗೆ ನಿಲ್ಲಿಸಿ, ಅದನ್ನೂ ನವಣಿಯನ್ನೂ ಮತ್ತೆ ಕರೆದರು. ಸೇಠನ ಆಳು ಇನ್ನೂ ಜೋರಾಗಿ ಓಡಿಸಿದ. ನನ್ನ ಸರದಿ. ಜೋರು ಓಡಿಸಿದರೆ ಭುಜ ಸಿಕ್ಕಿಬೀಳುತ್ತದೆ. ಮೆಲ್ಲಗೆ ಓಡಿಸಿದರೆ ಮುದುಕಿ ಅನ್ನುತ್ತಾರೆ. ನಾನು ಪಟ್ಟಿಯನ್ನು ಪೂರಾ ಸಡಿಲು ಬಿಟ್ಟೆ, ಅದು ನನ್ನ ಎರಡು ಬೆರಳಿನ ಮೇಲೆ ಬರೀ ಕೂತಿತ್ತು. "ನಡಿ ನನ್ನವ್ವಾ" ಅಂದೆ.

ಅವಳು ನಡೆದಳು. ತಲೆ ಎತ್ತಿ, ಮುಂಗಾಲು ನೆಲದ ಮೇಲೆ ತೇಲಿದ ಹಾಗೆ, ಹಿಂಗಾಲು ಅದರದೇ ಹೆಜ್ಜೆಗುರುತಿನ ಮೇಲೆ ಬೀಳುವ ಹಾಗೆ. ನನಗೆ ಓಡಿದ ನೆನಪಿಲ್ಲ. ಪಟ್ಟಿ ಒಮ್ಮೆಯೂ ಬಿಗಿಯಾಗಲಿಲ್ಲ, ಅದಷ್ಟೇ ನೆನಪಿದೆ. ತಿರುಗಿ ಬಂದು ನಿಲ್ಲಿಸಲು ಬಗ್ಗುವಷ್ಟರಲ್ಲಿ ಅವಳೇ ನಿಂತಿದ್ದಳು, ನಾಲ್ಕೂ ಕಾಲು ಎಲ್ಲೆಲ್ಲಿ ಇರಬೇಕೋ ಅಲ್ಲಲ್ಲಿ.

ಬಾಯಿಯವರು ಬೆತ್ತ ಎತ್ತಿ ನಮ್ಮ ಕಡೆ ತೋರಿಸಿದರು.

ಖಾದರ್ ಸಾಹೇಬರು ಹಗ್ಗದ ಆಚೆಯಿಂದ ಒಳಗೆ ಬಂದದ್ದನ್ನು, ಶೇರ್ವಾನಿಯಲ್ಲೇ ಮೊಣಕಾಲು ಹುಲ್ಲಿಗೆ ಊರಿ ನಾಯಿಯ ಹಣೆಗೆ ಹಣೆ ಹಚ್ಚಿದ್ದನ್ನು ನಾನು ಕಣ್ಣಾರೆ ಕಂಡೆ. ಇಪ್ಪತ್ತು ಅಂಕ. ನಮ್ಮ ಕುರಿಹಟ್ಟಿಯ ನಾಯಿ. ನಾನು ಎದೆ ಉಬ್ಬಿಸಿಕೊಂಡು ನಿಂತೆ. ಈಗಲೂ ಅದನ್ನು ಬರೆಯುವಾಗ ಬೆನ್ನು ನೆಟ್ಟಗಾಗುತ್ತದೆ.

ಊರಿಗೆ ಬಂದ ಮೇಲೆ ಸುದ್ದಿ ಹರಡಿತು. ದೊರೆಸಾನಿಯವರು ನವಣಿಗೆ ಇನ್ನು ಶೋ ಸಾಕು ಅಂದರು. ಮುಂದಿನ ವಾರ ನಾನು ದೇವಾಪುರಕ್ಕೆ ಹೋದಾಗ ಮುಂಜಾನೆ ನಮ್ಮ ಕಣದಲ್ಲಿ ಸಪ್ಪಳ. ಹೊರಗೆ ಬಂದು ನೋಡಿದರೆ ಒಂಬತ್ತು ಹತ್ತು ಕುರಿಗಾರರು ತಮ್ಮ ತಮ್ಮ ನಾಯಿ ಹಿಡಿದುಕೊಂಡು ಸಾಲಾಗಿ ನಿಂತಿದ್ದಾರೆ. ಕೆಲವರು ಮೂರು ಹರದಾರಿ ನಡೆದು ಬಂದಿದ್ದರು. ಸಾಲಿನ ಮೊದಲಲ್ಲಿ ಅಪ್ಪ, ಅವನ ಪ್ರೀತಿಯ ನಾಯಿ ಬಾಜಿಯನ್ನು ಹಿಡಿದುಕೊಂಡು. ಕೊನೆಯಲ್ಲಿ ದುರಗವ್ವ ಅಂತ ಒಬ್ಬ ಮುದುಕಿ, ಒಂಟಿ ಹೆಂಗಸು, ಎಂಟು ಆಡು ಕಾಯುವವಳು, ಅವಳ ನಾಯಿ ಕರಿಯ ಒಂದು ಬಳ್ಳಿಯ ತುದಿಗೆ.

"ಏನಪಾ ಇದು?" ಅಂದೆ.

"ಹೈದರಾಬಾದನ್ಯಾಗ ನೋಡಿದಂಗ ನೋಡು" ಅಂದ ಅಪ್ಪ. "ಯಾವ ನಾಯಿ ಚಲೋ ಅಂತ ಹೇಳು. ಅದರ ಮರಿ ಇಟ್ಕೋತೀವಿ."

ಇಷ್ಟು ದಿನ ನಾಯಿ ಹಿಡಿದವನು, ನೋಡುವವನಾಗಿರಲಿಲ್ಲ. ಕೈ ತೊಳೆದುಕೊಂಡು ಬಂದೆ. ಒಂದೊಂದೇ ನಾಯಿಯ ಹಲ್ಲು, ಎದೆ, ಬೆನ್ನು ನೋಡಿದೆ, ಕಣದ ಸುತ್ತ ಓಡಿಸಿದೆ. ಬಾಜಿ ನೋಡಲು ಎಲ್ಲರಿಗಿಂತ ಚೆಂದ. ಆದರೆ ಬಾಯಿ ಬಿಡಿಸಿದಾಗ ಮೇಲಿನ ದವಡೆ ಕೆಳಗಿನದಕ್ಕಿಂತ ಒಂದು ಬೆರಳು ಮುಂದೆ. ಹಿಡಿತ ಬಾರದ ಬಾಯಿ, ಮರಿಗಳಿಗೂ ಬರುತ್ತದೆ. ಅಪ್ಪನಿಗೆ ಅದು ಇಷ್ಟು ವರ್ಷ ಗೊತ್ತೇ ಆಗಿರಲಿಲ್ಲ. ದುರಗವ್ವನ ಕರಿಯ ತೆಳ್ಳಗೆ, ಕಿವಿ ಹರಿದದ್ದು, ಆದರೆ ಎಲುಬು, ಭುಜ, ಹಲ್ಲು, ನಡಿಗೆ ಎಲ್ಲ ಗೆರೆ ಹೊಡೆದ ಹಾಗೆ.

ಅಪ್ಪ ನನ್ನನ್ನೇ ನೋಡುತ್ತಿದ್ದ. ನಾನು ಹೋಗಿ ದುರಗವ್ವನ ಮುಂದೆ ನಿಂತೆ.

"ಇದು ಮೊದಲಿಂದು."

"ನಂದಾ?" ಅಂದಳು ಮುದುಕಿ. ಬಳ್ಳಿ ಬಿಟ್ಟು ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

ಅಪ್ಪ ಬಾಜಿಯನ್ನು ಕರೆದುಕೊಂಡು ನನ್ನ ಹತ್ತಿರ ಬಂದ. ಎಲ್ಲರೂ ಕೇಳುವಂತೆಯೇ, "ನಂದರಾಗ ಏನು ಐಬು?" ಅಂದ. ನಾನು ಬಾಜಿಯ ತುಟಿ ಎತ್ತಿ ತೋರಿಸಿದೆ. ಅವನು ಕೂತು ತನ್ನ ಬೆರಳು ಇಟ್ಟು ಆ ಸಂದು ಅಳೆದು ನೋಡಿದ. ಎದ್ದು ಧೋತರಕ್ಕೆ ಕೈ ಒರೆಸಿಕೊಂಡು, "ಖರೆ ಹೇಳಿದಿ" ಅಂದ. ಆಮೇಲೆ ದುರಗವ್ವನ ಕಡೆ ತಿರುಗಿ, "ಯವ್ವಾ, ನಿನ್ನ ಕರಿಯನ ಮರಿ ಆದ್ರ ಮೊದಲಿಂದು ನನಗ ಕೊಡಬೇಕು ನೋಡು" ಅಂತ ಕೇಳಿಕೊಂಡ.